ಮೀನಾಕ್ಷಿಯ ಅರ್ಜಿ

ಬ್ಯಾಡಗಿ ಕೋರ್ಟಿನ ಕಟ್ಟೆಯ ಮೇಲೆ ಮುದುಕವ್ವ ಸೆರಗು ಬಿಗಿದು ಕುಳಿತಿದ್ದಳು. ಗಾಳಿಯಲ್ಲಿ ಮೆಣಸಿನಕಾಯಿಯ ಘಾಟಿತ್ತು. ಕಣ್ಣು ಒರೆಸಿಕೊಂಡರೆ ಯಾಕೆಂದು ಯಾರೂ ಕೇಳುವಂತಿರಲಿಲ್ಲ.

ಮಗಳು ಮೀನಾಕ್ಷಿಯನ್ನು ಸ್ವಂತ ಅಣ್ಣ ತಿರಕಪ್ಪನ ಮಗ ಕಲ್ಲೇಶನಿಗೇ ಕೊಟ್ಟಿದ್ದಳು. ತನ್ನ ತವರೇ ಮಗಳ ಮನೆ, ಇನ್ನೇನು ಚಿಂತೆ ಅಂದುಕೊಂಡಿದ್ದಳು. ಆ ಮನೆಯ ಬಾವಿಯಲ್ಲೇ ಮೀನಾಕ್ಷಿಯ ಹೆಣ ತೇಲಿತು. ಕಾಲು ಜಾರಿ ಬಿದ್ದಳೆಂದು ಪೊಲೀಸರು ಬರೆದು ಮುಗಿಸಿದರು. ಆದರೆ ಹೆಣಕ್ಕೆ ನೀರೆರೆಯುವಾಗ ಕುತ್ತಿಗೆಯ ಸುತ್ತಲಿನ ಕಪ್ಪು ಬರೆಯನ್ನು ತಾಯಿ ಕಂಡಿದ್ದಳು. ತನಿಖೆ ಮತ್ತೊಮ್ಮೆ ಆಗಲೆಂದು ತಕರಾರು ಅರ್ಜಿ ಹಾಕಿ, ತನ್ನೂರು ಕುಪ್ಪೇಲೂರಿನಿಂದ ರಾಣೆಬೆನ್ನೂರು, ಅಲ್ಲಿಂದ ಬ್ಯಾಡಗಿ ಅಂತ ಬಸ್ಸು ಹತ್ತಿ ಇಳಿದು ಸವೆದಿದ್ದಳು. ಅರ್ಜಿ ಹಾಕಿದಾಗಿನಿಂದ ಮೊಮ್ಮಗಳು ಕಾವ್ಯಾಳ ಮುಖವನ್ನು ಅಣ್ಣನ ಮನೆಯವರು ತೋರಿಸಿರಲಿಲ್ಲ.

ಹೋದ ಸೋಮವಾರ ಹಿರಿಯರು ಮಾಲತೇಶನ ಗುಡಿಯಲ್ಲಿ ಎರಡೂ ಕಡೆಯವರನ್ನು ಕೂಡಿಸಿದ್ದರು. ತಿರಕಪ್ಪ ದೇವರ ಭಂಡಾರದ ಅರಿಶಿನ ಪುಡಿಯನ್ನು ಕೈಯಲ್ಲಿ ಹಿಡಿದು, "ಅರ್ಜಿ ತಗದ ದಿನಾನ ಕೂಸು ನಿನ್ನ ಉಡ್ಯಾಗ, ತಂಗೀ" ಎಂದು ಆಣೆ ಮಾಡಿದ್ದ. ಮನೆಯ ಹಿರಿಯ ಹಿಡಿದರೆ ಮನೆಯೇ ಹಿಡಿದಂತೆ. ಕಲ್ಲೇಶ ಹೊರಗೆ ಗಾಡಿಯ ಮೇಲೇ ಕುಳಿತಿದ್ದ. ಅವನನ್ನೂ ಒಳಗೆ ಕರೆಯಿರೆಂದು ಹೇಳುವುದು ಅವಳಿಗೆ ಹೊಳೆಯಲಿಲ್ಲ.

"ಇನ್ನೊಮ್ಮಿ ವಿಚಾರ ಮಾಡಬೇ," ಎಂದ, ಈಗ ಕಟ್ಟೆಯ ಬಳಿ ಬಂದು ನಿಂತ ಅವಳ ವಕೀಲ ವಿಜಯಮಹಾಂತೇಶ. "ತಗದ ಮ್ಯಾಲ ಹೊಳ್ಳಿ ಹಾಕೂದು ಭಾಳ ಕಷ್ಟ. ಮೊದಲ ಕೂಸು ಬರ್ಲಿ."

"ಭಂಡಾರ ಹಿಡದಾರ್ರಿ ಸಾಹೇಬ್ರ. ಅದಕ್ಕಿಂತ ದೊಡ್ಡ ಕೋರ್ಟ್ ಯಾವದೈತ್ರಿ?"

ಒಳಗೆ ನ್ಯಾಯಾಧೀಶರು ತಲೆಯೆತ್ತಿ, "ಯಾರಾದರೂ ಹೆದರಿಸಿದ್ದಾರೇನಮ್ಮ?" ಎಂದರು. ಇಷ್ಟು ಮೆತ್ತಗೆ ಅವಳನ್ನು ಯಾರೂ ಕೇಳಿರಲಿಲ್ಲ. ಆ ಕಪ್ಪು ಬರೆಯ ಮಾತು ಗಂಟಲಿನವರೆಗೂ ಬಂತು.

"ಇಲ್ರೀ ಯಪ್ಪಾ. ನನ್ನ ಖುಷಿಲೆ ತಗೊಳಾಕತ್ತೇನಿ."

ಹೆಬ್ಬೆಟ್ಟು ಒತ್ತಿದ್ದಾಯಿತು. ಅರ್ಜಿ ವಜಾ ಆಯಿತು.

ಹೊರಗೆ ಬೇವಿನ ಗಿಡದ ಕೆಳಗೆ ಅಪ್ಪ ಮಗ ಇಬ್ಬರೇ ನಿಂತಿದ್ದರು.

"ಕಾವ್ಯಾ ಎಲ್ಲೆಪ್ಪಾ?"

"ಸಾಲಿಗೆ ಹೋಗ್ಯಾಳತ್ತಿ," ಎಂದ ಕಲ್ಲೇಶ.

"ಸಾಲಿ ಬಿಡೂತನಾ ಕುಂದ್ರತೇನಿ. ಕರಕೊಂಡು ಹೊಕ್ಕೇನಿ."

ಕಲ್ಲೇಶ ನಕ್ಕ. "ಎದಕ? ನಿಮ್ಮವ್ವ ಹಿಂಗ ಸತ್ಲು, ಹಂಗ ಸತ್ಲು ಅಂತ ದಿನಾ ಕಿವ್ಯಾಗ ಊದಾಕ? ಭಂಡಾರ ಹಿಡದಾಂವ ನಮ್ಮಪ್ಪ, ನಾ ಅಲ್ಲ. ಬೇಕಂದ್ರ ಅವನ್ನ ಕರಕೊಂಡು ಹೋಗು."

ಗಾಡಿ ಒದ್ದು ಹೊರಟೇ ಹೋದ.

"ಅಣ್ಣಾ..."

"ಮನ್ಯಾಗ ನನ್ನ ಮಾತು ನಡಿಯೂದಿಲ್ಲವ್ವಾ," ಎಂದ ತಿರಕಪ್ಪ, ನೆಲ ನೋಡುತ್ತ.

"ಹಿಡಿಯೂವಾಗ ಗೊತ್ತಿದ್ದಿಲ್ಲೇನು?"

ಮುದುಕವ್ವ ಕೋರ್ಟಿನ ಬಾಗಿಲತ್ತ ತಿರುಗಿದಳು. ಜವಾನ ಬೇರೆ ಯಾರದೋ ಹೆಸರು ಕೂಗುತ್ತಿದ್ದ. ಅವರ ಪಾಳಿ ಬಂದಿತ್ತು, ಇವಳದು ಮುಗಿದಿತ್ತು.

ರಾಣೆಬೆನ್ನೂರಿನ ಬಸ್ಸಿಗೆ ತಿರಕಪ್ಪನೂ ಅವಳ ಹಿಂದೆಯೇ ಹತ್ತಿ, ಪಕ್ಕದಲ್ಲಿ ಕುಳಿತ. ಇಳಿ ಎನ್ನುವಷ್ಟು ಕಸುವೂ ಅವಳಲ್ಲಿ ಉಳಿದಿರಲಿಲ್ಲ.

"ಇಬ್ರೂ ಎಲ್ಲಿಗೆ ಬೇ?" ಎಂದ ಕಂಡಕ್ಟರ್.

"ನಂದಷ್ಟ ಟಿಕೆಟ್ ಹರೀರಿ," ಎಂದಳು ಮುದುಕವ್ವ.