ಇಲಿ ಮದ್ದು

ನಮ್ಮ ಸಾಹೇಬರಿಗೆ ತಲೆ ಇದೆ, ತಾಳ್ಮೆ ಇಲ್ಲ. ಇಲಿಗಳ ಮನಸ್ಸಿನೊಳಗಿನ ಭಯ ಬಿಡಿಸುವ ಔಷಧಿಗಾಗಿ ಆರು ವರ್ಷ ಒದ್ದಾಡಿದವರು, ಕೊನೆಗೆ ಡಬ್ಬಿಯ ಮೇಲೆ ಗೀಚಿದ್ದು ಎರಡೇ ಪದ: ‘ಇಲಿ ಮದ್ದು’. ಇಲಿ ಕೊಲ್ಲುವ ವಿಷಕ್ಕೂ ಜನ ಅದನ್ನೇ ಅನ್ನುತ್ತಾರೆ ಎಂಬುದು ಆ ಮಹಾನುಭಾವರಿಗೆ ಹೊಳೆಯಲೇ ಇಲ್ಲ.

ಅವರ ಪ್ರಯೋಗಾಲಯದ ಬಿಳಿ ಇಲಿಗಳನ್ನು ಸಾಕುವವಳು ನಾನು, ಉಗ್ರಾಣ ನೋಡಿಕೊಳ್ಳುವವನು ನನ್ನ ಮೈದುನ. ಕೆಲಸ ಕೊಡಿಸಿದವಳು ನಾನೇ, ನನ್ನ ಹಣೆಬರಹ. ಕಡತ ಕಡಿಯುವ ಕಳ್ಳ ಇಲಿಗಳ ಕಾಟಕ್ಕೆ ರೋಸಿಹೋಗಿದ್ದ ಅವನು ಡಬ್ಬಿ ಕಂಡದ್ದೇ ತಡ, ಅಷ್ಟನ್ನೂ ಹಿಟ್ಟಿಗೆ ಕಲಸಿ, ಉಂಡೆ ಕಟ್ಟಿ, ಮೂಲೆಮೂಲೆಗೂ ಇಟ್ಟ.

ಮರುದಿನ ಬೆಳಿಗ್ಗೆ ನಾನು ಡಬ್ಬಿ ಕೇಳಲು ಹೋದಾಗ, ಪ್ರಯೋಗ ನೋಡಲು ಬಂದ ಸರ್ಕಾರದ ಪರಿಶೀಲನಾ ಸಮಿತಿ ಆಗಲೇ ಮೆಟ್ಟಿಲು ಹತ್ತುತ್ತಿತ್ತು.

“ಅಯ್ಯೋ ಮಹರಾಯ, ಅದು ನನ್ನ ಇಲಿಗಳಿಗೆ ಕೊಡೋ ಮದ್ದು ಕಣೋ!”

“ನಾನೂ ಇಲಿಗಳಿಗೇ ಕೊಟ್ಟಿದ್ದಲ್ವಾ ಅತ್ತಿಗೆ?”

ಎರಡು ಬಾರಿಸಬೇಕು ಅನ್ನಿಸಿತು. ಪ್ರಯೋಗ ಸೋತರೆ ವಿಭಾಗ ಬಂದ್. ವಿಭಾಗ ಬಂದಾದರೆ ನನ್ನ ನಲವತ್ತು ಬಿಳಿ ಇಲಿಗಳಿಗೆ ಸೂಜಿ ಚುಚ್ಚಿ ಮುಗಿಸಬೇಕು. ಚುಚ್ಚಬೇಕಾದವಳು ನಾನೇ. ಹುಟ್ಟಿದಾಗಿನಿಂದ ನೀರಿಟ್ಟು, ಹಾಸು ಬದಲಿಸಿ ಸಾಕಿದ ಕೈ ಇದು. ಸಾಹೇಬರಿಗೆ ಹೇಳೋಣವೆಂದರೆ ಅವರು ಆಗಲೇ ಬಾಗಿಲಲ್ಲಿ ಸಮಿತಿಯವರ ಮುಂದೆ ಹಲ್ಲು ಕಿರಿಯುತ್ತ ನಿಂತಿದ್ದರು.

ಗಾಜಿನ ಪೆಟ್ಟಿಗೆಯೊಳಗೆ ನನ್ನ ಇಲಿಗಳನ್ನು ಬಿಟ್ಟರು. ಹೊರಗೆ ಬೆಕ್ಕು.

“ಇವಕ್ಕೆ ಇನ್ನು ಭಯ ಅನ್ನೋದೇ ಇಲ್ಲ!” ಎಂದು ಸಾಹೇಬರು ಭಾಷಣ ಬಿಗಿದರು.

ಪಾಪ, ಮದ್ದು ಕಾಣದ ನನ್ನ ಮಕ್ಕಳು ಬೆಕ್ಕನ್ನು ನೋಡಿದ್ದೇ ಒಂದರ ಹೊಟ್ಟೆಯಡಿ ಒಂದು ನುಗ್ಗಿದವು. ಸಾಹೇಬರು ಇಂಗು ತಿಂದ ಮಂಗನಂತಾದರು.

ಅಷ್ಟರಲ್ಲಿ ಬೀರುವಿನ ಹಿಂದಿನಿಂದ ಒಂದು ಬೂದು ಇಲಿ ಗತ್ತಿನಿಂದ ಹೊರಬಂತು. ಅದರ ಹಿಂದೆ ಏಳೆಂಟು. ಒಂದು ಅಧ್ಯಕ್ಷೆಯ ಕಡತದ ಮೇಲೆ ಕೂತು ಮೀಸೆ ತಿಕ್ಕಿಕೊಂಡಿತು. ಇನ್ನೊಂದು ನೆಟ್ಟಗೆ ಹೋಗಿ ಬೆಕ್ಕಿನ ಬಾಲ ಕಚ್ಚಿತು. ಬೆಕ್ಕು ಪರದೆ ಹತ್ತಿತು, ಸಮಿತಿ ಕುರ್ಚಿ ಹತ್ತಿತು.

“ನೋಡಿ, ನನ್ನ ಮದ್ದು!” ಸಾಹೇಬರು ಕುಣಿದಾಡಿದರು.

ಅಧ್ಯಕ್ಷೆ ಕುರ್ಚಿಯ ಮೇಲಿಂದಲೇ ಕೇಳಿದರು: “ಮನುಷ್ಯರ ಮೇಲೂ ಕೆಲಸ ಮಾಡುತ್ತಾ?”

“ಖಂಡಿತ ಮೇಡಂ! ಗುಮಾಸ್ತನೂ ಮಂತ್ರಿಗೆ ಎದುರು ಮಾತಾಡ್ತಾನೆ!”



“ಹಾಗಾದ್ರೆ ಈ ವಿಭಾಗಾನ ಇವತ್ತೇ ಮುಚ್ಚಿಬಿಡಿ,” ಅಂದರು ಅಧ್ಯಕ್ಷೆ. “ಆ ಬಿಳಿ ಇಲಿಗಳನ್ನೂ ಮುಗಿಸಿ.”

ಭಯ ಬಿಡಿಸುವ ಮದ್ದು ಕಂಡುಹಿಡಿದ ಸಾಹೇಬರು ಸೊಂಟ ಬಗ್ಗಿಸಿ “ತಮ್ಮ ಚಿತ್ತ” ಅಂದರು. ಆಮೇಲೆ ನನ್ನತ್ತ ತಿರುಗಿ, ಸೂಜಿ ತಾ ಎಂದು ಸನ್ನೆ ಮಾಡಿದರು. ಥೂ!

“ನಾನು ಚುಚ್ಚಲ್ಲ,” ಅಂದೆ. “ಇವನ್ನ ಮನೆಗೆ ಹೊತ್ಕೊಂಡು ಹೋಗ್ತೀನಿ. ಅದ್ಯಾರು ತಡೀತೀರೋ ತಡೀರಿ.”

ಸಮಿತಿಗೆ ಸಮಿತಿಯೇ ನನ್ನನ್ನು ದುರುಗುಟ್ಟಿ ನೋಡಿತು. ಮೈದುನ ಮೆಲ್ಲಗೆ ಬಂದು ಕಿವಿಯಲ್ಲಿ ಕೇಳಿದ: “ಅತ್ತಿಗೆ, ನೀವೂ ಆ ಉಂಡೆ ತಿಂದ್ರಾ?”

“ಇಲ್ಲ ಕಣೋ. ಕೈಕಾಲು ಗಡಗಡ ನಡುಗ್ತಿರೋದು ಕಾಣಲ್ವಾ? ಪೆಟ್ಟಿಗೆಯ ಆ ಕಡೆ ಹಿಡ್ಕೋ.”