ಇನ್ನೂ ಎರಡು ಸುತ್ತು

ನಾನು ಒಂದು ಕೈಗಂಟೆ. ಕಂಚುಗಾರರ ಓಣಿಯಲ್ಲಿ ಹುಟ್ಟಿದೆ. ಕಾದ ಕಂಚಾಗಿ ಅಚ್ಚಿಗೆ ಇಳಿದಾಗ ಮೈಯೆಲ್ಲ ಬೆಂಕಿ. ಒಳಗೆ ಬಡಿಯುವ ನಾಲಗೆ ಕಟ್ಟಿದ ಕೂಡಲೇ ಓಣಿಗೆಲ್ಲ ಕೇಳುವಂತೆ ಕೂಗಿಕೊಂಡೆ. ಕುಲ್ಫಿ ಗಾಡಿಯ ಈರಣ್ಣನ ಕೈಯಲ್ಲಿ ಆರು ಬೇಸಿಗೆ ಕಳೆದೆ. ಅವನು ಮೈಕು ಕೊಂಡ ಮೇಲೆ ನನ್ನನ್ನು ಶಾಲೆಗೆ ಕೊಟ್ಟುಬಿಟ್ಟ. ಅಲ್ಲಿ ಆಟದ ಮಾಸ್ತರರಾದ ಕಡ್ಲಿಮಟ್ಟಿ ಸರ್ ಕೈ ಸೇರಿದೆ.

ಓಟದ ಕೊನೆಯ ಸುತ್ತು ಬಂತೆಂದು ಸಾರುವುದು ನನ್ನ ಕೆಲಸ. ಮೈದಾನದ ಒಂದು ಸುತ್ತು 0.3 ಕಿಲೋಮೀಟರು. ಹತ್ತರಿಂದ ಗುಣಿಸಿದರೆ ಮೂರು. ಹಾಗಾಗಿ ಮೂರು ಕಿಲೋಮೀಟರಿನ ಓಟಕ್ಕೆ ಹತ್ತು ಸುತ್ತು, ಒಂಬತ್ತು ಮುಗಿದೊಡನೆ ಗಂಟೆ. ಹನ್ನೊಂದು ವರ್ಷ ಸರ್ ಹೀಗೇ ಬಾರಿಸಿದರು. ಈ ಲೆಕ್ಕ ನಮ್ಮಿಬ್ಬರಿಗೂ ನಿದ್ದೆಯಲ್ಲೂ ಬರುತ್ತಿತ್ತು, ಅದೇ ಕೇಡಾಯಿತು.

ಆ ವರ್ಷ ಮೈದಾನದ ಮೂಲೆಯಲ್ಲಿ ನೀರಿನ ಟಾಕಿ ಎದ್ದು, ಓಟದ ಗೆರೆ ಒಳಕ್ಕೆ ಸರಿಯಿತು. ಸರ್ ಮತ್ತೆ ಅಳೆಯಲಿಲ್ಲ. ಅಳೆದವಳು ಏಳನೆಯ ತರಗತಿಯ ಶಾಹಿದಾ. ತಾಲೂಕಿನ ಓಟಕ್ಕೆ ಶಾಲೆಯಿಂದ ಹೋಗುವ ಒಬ್ಬಳು ತಾನೇ ಆಗಬೇಕೆಂಬ ಹಟ ಅವಳಿಗೆ. ಟಾಕಿ ಕಟ್ಟಿದ ಗೌಂಡಿಯ ಟೇಪು ಇಸಿದುಕೊಂಡು ಅಳೆದರೆ, ಸುತ್ತು 0.25 ಕಿಲೋಮೀಟರಿಗೆ ಇಳಿದಿತ್ತು. ಸರ್‌ಗೆ ಗೊತ್ತಿರದೆ ಇರುತ್ತದೆಯೇ ಎಂದುಕೊಂಡು ಅವಳು ಸುಮ್ಮನಿದ್ದಳು.

ಆಯ್ಕೆಯ ಓಟದ ದಿನ ಬಂತು. ಒಂಬತ್ತು ಸುತ್ತು ಮುಗಿದೊಡನೆ ನಾನು ಗಂಟಲು ಹರಿಯುವಂತೆ ಕೂಗಿದೆ. ಮುಂದಿದ್ದ ಇಬ್ಬರು ಬಾಣದಂತೆ ಹಾರಿದರು. ಮೂರನೆಯವಳಾಗಿದ್ದ ಶಾಹಿದಾಳ ಓಟ ಮಾತ್ರ ಆರಕ್ಕೇರಲಿಲ್ಲ, ಮೂರಕ್ಕಿಳಿಯಲಿಲ್ಲ. ಹತ್ತನೆಯ ಸುತ್ತಿಗೆ ಎಲ್ಲರೂ ಗೆರೆ ಮುಟ್ಟಿ ಕುಸಿದರು. ಇವಳು ಮಾತ್ರ ನಿಲ್ಲದೆ ಓಡಿದಳು. ಜನ ನಕ್ಕರು. ನನ್ನ ಕೂಗಿಗೆ ಬೆಲೆಯೇ ಇಲ್ಲವೇ ಎಂದು ನನಗೂ ಅವಳ ಮೇಲೆ ಸಿಟ್ಟು ಬಂತು, ಸುಳ್ಳೇಕೆ ಹೇಳಲಿ.

ಸರ್ ಪಕ್ಕದಲ್ಲೇ ಹಾಯುತ್ತಾ ಅವಳು ಅಂದಳು: "ಸರ, ಸುತ್ತು ಸಣ್ಣದಾಗೇತ್ರಿ. ಹತ್ತು ಸುತ್ತಿಗೆ ಎರಡೂವರೀನ ಆತು. ಇನ್ನೂ ಎರಡು ಅದಾವ್ರಿ."

ಸರ್ ಟಾಕಿ ನೋಡಿದರು, ಗೆರೆ ನೋಡಿದರು, ಮಣ್ಣಿನಲ್ಲಿ ಕಡ್ಡಿ ಹಿಡಿದು ಕೂತರು. ಅವಳ ಲೆಕ್ಕದಂತೆ ಸುತ್ತು 0.25, ಹತ್ತರಿಂದ ಗುಣಿಸಿದರೆ 2.5. ಹನ್ನೆರಡರಿಂದ ಗುಣಿಸಿದರೆ ಸರಿಯಾಗಿ 3. ಅವರ ಮುಖ ಕೆಂಪಾಯಿತು. ಅಷ್ಟರಲ್ಲಿ ಅವಳ ಹನ್ನೊಂದನೆಯ ಸುತ್ತು ಮುಗಿಯಿತು.

"ತಪ್ಪು ನಂದು. ಓಟ ಮೂರು ಕಿಲೋಮೀಟರಿಂದು. ಮುಗಿಸಿದಾಕೀನ ತಾಲೂಕಿಗೆ ಹೋಗ್ತಾಳ," ಎಂದು ಎಲ್ಲರಿಗೂ ಕೇಳುವಂತೆ ಹೇಳಿ, ಸರ್ ನನ್ನನ್ನು ಎತ್ತಿದರು.

ಎಂಥ ಬಾರಿಸುವಿಕೆ ಅದು! ಒಬ್ಬಳಿಗಾಗಿ, ಇಡೀ ಸುತ್ತು, ಕೈ ನಿಲ್ಲಿಸದೆ. ಮುಖ ಊದಿಸಿಕೊಂಡು ಕೂತಿದ್ದ ಆ ಇಬ್ಬರೇ ಮೊದಲು ಚಪ್ಪಾಳೆ ಶುರುಮಾಡಿದರು. ಶಾಹಿದಾ ಈಗ ಹಾರಿದಳು. ಅವಳು ಗೆರೆ ದಾಟುವುದಕ್ಕೂ ನನ್ನ ನಾಲಗೆ ಕಿತ್ತು ಜನರ ನಡುವೆ ಬೀಳುವುದಕ್ಕೂ ಸರಿಹೋಯಿತು.

ಈಗ ನಾನು ಆಟದ ಸಾಮಾನಿನ ಕಪಾಟಿನಲ್ಲಿ, ಗಾಳಿ ಹೋದ ಚೆಂಡುಗಳ ನಡುವೆ ಇದ್ದೇನೆ. ಯಾರಾದರೂ ಹೊಸ ನಾಲಗೆ ಹಾಕಿಸೋಣವೆಂದರೆ ಸರ್ ಬೇಡವೆನ್ನುತ್ತಾರೆ. ನನಗೂ ಬೇಡ. ನನ್ನ ಕೊನೆಯ ಕೂಗು ಶಾಹಿದಾಳ ಹನ್ನೆರಡನೆಯ ಸುತ್ತಿಗೆ ಸಂದಿದೆ.