ಸಾರಿದ್ದು ಗಂಟೆ ಮಾತ್ರ

ಮಗಳು ಹಿತ್ತಾಳೆ ಗಂಟೆಯ ನಾಲಗೆಗೆ ಹಳೇ ಬಟ್ಟೆ ಸುತ್ತುತ್ತಿದ್ದಳು. ಅಪ್ಪನ ಪಕ್ಕದಲ್ಲೇ ಅದನ್ನಿಟ್ಟು ಕಳಿಸಬೇಕು, ಆದರೆ ದಾರಿಯಲ್ಲಿ ಅದು ಬಾಯಿ ಬಿಡಬಾರದು. ಹೊರಗೆ ಶವದ ವ್ಯಾನು ಕಾಯುತ್ತಿತ್ತು. ಹಿಂದಿನ ಬೀದಿಯಿಂದ ಸದ್ದಿಲ್ಲದೆ ಹೋಗಿಬಿಡೋಣ ಎಂದು ಗಂಡನಿಗೂ ಹೇಳಿದ್ದಳು. ಊರನ್ನು ಕರೆದು, ಯಾರೂ ಬಾರದೆ, ಆ ಅವಮಾನವನ್ನೂ ಅಪ್ಪನ ತಲೆಗೆ ಕಟ್ಟುವುದು ಬೇಡ.

ಅಪ್ಪ ನಗರಸಭೆಯ ಸುದ್ದಿ ಸಾರುವವನು. ನಲ್ಲಿ ನಿಲ್ಲುವುದರಿಂದ ಹಿಡಿದು ನಾಯಿ ಹಿಡಿಯುವವರು ಬರುವವರೆಗೆ ಎಲ್ಲವನ್ನೂ ಊರು ಕೇಳಿದ್ದು ಅವನ ಬಾಯಲ್ಲೇ. ಅಧ್ಯಕ್ಷರ ಆದೇಶವನ್ನು ಅಧ್ಯಕ್ಷರ ಹಾಗೇ ಮೂಗಿನಲ್ಲಿ ಹೇಳುತ್ತಿದ್ದ. ಜನ ಆದೇಶ ಮರೆತರೂ ಮೂಗು ಮರೆಯುತ್ತಿರಲಿಲ್ಲ.

ಬಾಗಿಲಲ್ಲಿ ದರ್ಜಿ ನಿಂತಿದ್ದ. ಅಪ್ಪನ ಜೀವದ ಗೆಳೆಯ. ಕೋರ್ಟಿನ ತೀರ್ಪು ಬಂದಂದಿನಿಂದ ಈ ಹೊಸ್ತಿಲು ತುಳಿದವನಲ್ಲ.

*

ನೀರಿನ ಟ್ಯಾಂಕು ಕಟ್ಟಲು ನಗರಸಭೆ ಬಾಂಡ್ ಹೊರಡಿಸಿತ್ತು. ಊರಿನವರೇ ಕೊಂಡರು, ದರ್ಜಿ ಮುಪ್ಪಿಗೆಂದು ಕೂಡಿಟ್ಟದ್ದನ್ನೆಲ್ಲ ಸುರಿದ. ಹಾಗೆ ಸಾಲ ಎತ್ತುವ ಮೊದಲು ಬೀದಿಬೀದಿಯಲ್ಲಿ ಸಾರಿಸಿ, ತಕರಾರು ಕೇಳಬೇಕೆಂದು ಕಾನೂನು. ಸಾರಬೇಕಾದ ದಿನ ಅಪ್ಪನ ಗಂಟಲು ಕಟ್ಟಿತ್ತು. ಕೆಲಸ ನಿಲ್ಲಬಾರದೆಂದು ಬರೀ ಗಂಟೆ ಬಾರಿಸುತ್ತ ಊರು ಸುತ್ತಿ ಬಂದ. ಇದೇನು ಹೊಸ ವೇಷ ಎಂದು ಜನ ನಕ್ಕರು.

ಟ್ಯಾಂಕು ಎದ್ದಿತು, ನೀರು ಬಂತು. ಸಾಲ ತೀರಿಸುವ ಹೊತ್ತಿಗೆ ನಗರಸಭೆಗೆ ಕಾನೂನು ನೆನಪಾಯಿತು: ಸಾರಿಯೇ ಇಲ್ಲ, ಆದ್ದರಿಂದ ಬಾಂಡೇ ಅಸಿಂಧು. ದುಡ್ಡು ಹಾಕಿದವರು ಕೋರ್ಟಿಗೆ ಹೋದರು. ಸಾಕ್ಷಿಕಟ್ಟೆಯಲ್ಲಿ ಅಪ್ಪನಿಗೆ ಒಂದೇ ಪ್ರಶ್ನೆ: ಸಾರಿದೆಯಾ? ಹೂಂ ಎಂದಿದ್ದರೆ ಎಲ್ಲರ ದುಡ್ಡೂ ಉಳಿಯುತ್ತಿತ್ತು.

"ಗಂಟೆ ಬಾರಿಸಿದೆ ಸ್ವಾಮಿ. ಮಾತು ಹೊರಡಲಿಲ್ಲ."

ಗಂಟೆಯ ಸದ್ದು ಪ್ರಕಟಣೆಯಲ್ಲ ಎಂದಿತು ಕೋರ್ಟು. ಹೊರಗೆ ಕೋರ್ಟಿನ ಅಂಗಳದಲ್ಲಿ ಮಗಳ ಕಣ್ಣೆದುರೇ ದರ್ಜಿ ಅಪ್ಪನ ಕೊರಳಪಟ್ಟಿ ಹಿಡಿದ, ತಾನೇ ಹೊಲಿದುಕೊಟ್ಟ ಕೊರಳಪಟ್ಟಿ. "ಒಂದು ಸುಳ್ಳು ಹೇಳಿದ್ರೆ ನಿನ್ನ ಗಂಟೇನು ಹೋಗ್ತಿತ್ತೋ?"

"ಊರು ನಂಬಿರೋದು ಈ ಬಾಯೊಂದನ್ನೇ ಕಣೋ."

ಆಮೇಲೆ ಊರು ಆ ಬಾಯಿಯೊಂದಿಗೆ ಮಾತು ಬಿಟ್ಟಿತು. ಟ್ಯಾಂಕಿನ ನೀರನ್ನು ಮಾತ್ರ ಯಾರೂ ಅಸಿಂಧು ಎನ್ನಲಿಲ್ಲ.

*

ದರ್ಜಿ ಒಳಗೆ ಬಂದು ಗೆಳೆಯನ ಮುಖ ನೋಡಿದ. ಬಗ್ಗಿ, ತಪ್ಪು ಕಾಜಕ್ಕೆ ಸೇರಿದ್ದ ಅಂಗಿಯ ಗುಂಡಿಯನ್ನು ಬಿಚ್ಚಿ ಸರಿಯಾಗಿ ಹಾಕಿದ.

"ಊರಿಗೆ ಹೇಳಿದೀಯೇನಮ್ಮ?"

"ಇಲ್ಲ ಚಿಕ್ಕಪ್ಪ. ಯಾರು ಬರ್ತಾರೆ?"

"ಸಾರದೆ ಹೊರಡಿಸೋ ಹಾಗಿಲ್ಲ. ಅಸಿಂಧು ಆಗುತ್ತೆ." ಅವನು ನಗಲಿಲ್ಲ. "ನಂಗೆ ಗೊತ್ತಿರೋ ಕಾನೂನು ಅದೊಂದೇ. ಬೆಲೆ ಕೊಟ್ಟು ಕಲಿತದ್ದು."

ಕೈ ಚಾಚಿದ. ಗಂಟೆ ಕೊಡಲು ಅವಳಿಗೆ ಮನಸ್ಸಾಗಲಿಲ್ಲ. ಬೀದಿಯವರು ಬಾಗಿಲು ಹಾಕಿಕೊಂಡರೆ ಎಂದಳು. ಹಾಕಿಕೊಳ್ಳಲಿ, ನಮಗೆ ಯಾರೂ ಹೇಳಲಿಲ್ಲ ಎನ್ನುವ ಹಾಗಾಗಬಾರದು ಎಂದ ದರ್ಜಿ. ಅವಳು ಸುತ್ತಿದ ಬಟ್ಟೆಯನ್ನು ನಿಧಾನವಾಗಿ ಬಿಚ್ಚಿದಳು.

ವ್ಯಾನಿನ ಮುಂದೆ ಇಬ್ಬರೂ ದೊಡ್ಡ ಬೀದಿಗೇ ನಡೆದರು. ದರ್ಜಿ ಗಂಟೆ ಬಾರಿಸಿ, ಥೇಟ್ ಅಪ್ಪನ ಹಾಗೆ ಎದೆಯುಬ್ಬಿಸಿ ಕತ್ತು ವಾಲಿಸಿ, "ಕೇಳ್ರಪ್ಪೋ" ಎನ್ನಲು ಬಾಯಿ ತೆರೆದ. ದನಿ ಹೊರಡಲಿಲ್ಲ. ಮತ್ತೆ ಬಾರಿಸಿ ಮತ್ತೆ ತೆರೆದ. ಗಂಟೆ ಮಾತ್ರ ಕೇಳಿತು.

ನಲ್ಲಿಗೆ ಬಕೆಟ್ಟು ಹಿಡಿದಿದ್ದ ಹೆಂಗಸು ತಲೆಯೆತ್ತಿದಳು. ಗಂಟೆಯನ್ನು ನೋಡಿದಳು, ಆಮೇಲೆ ಅದನ್ನು ಹಿಡಿದ ಕೈ ಯಾರದೆಂದು ನೋಡಿದಳು. ನಲ್ಲಿ ತಿರುಗಿಸಿ ನೀರು ನಿಲ್ಲಿಸಿ, ಒದ್ದೆ ಕೈ ಒರೆಸಿಕೊಳ್ಳುತ್ತ ಬೀದಿಗಿಳಿದಳು. ಅವಳ ಹಿಂದೆ ಇನ್ನೊಂದು ಬಾಗಿಲು ತೆರೆಯಿತು.